ಕಂಡಕ್ಟರ್‌ಗೆ ವಜಾ, ಕಚೇರಿಯವನಿಗೆ ರಿಯಾಯಿತಿ: ಸಣ್ಣ ಮೊತ್ತದ ಕಳವನ್ನು ಕಾನೂನು ಹೇಗೆ ತೂಗುತ್ತದೆ?

ರಾಯಚೂರಿನಿಂದ ಹೊರಟ ಬಸ್ಸು ದೇವಸೂಗೂರಿನ ಹತ್ತಿರ ಕೃಷ್ಣಾ ನದಿ ದಾಟಿದರೆ ತೆಲಂಗಾಣ ಶುರು. ಮಾಗನೂರು, ಮಕ್ತಲ್, ಅಲ್ಲಿಂದ ಒಂದು ಕಡೆಗೆ ನಾರಾಯಣಪೇಟೆ. ನದಿಯ ಈಚೆಯಿಂದಲೇ ಪೂರ್ವಕ್ಕೆ ಹೋದರೆ ಗದ್ವಾಲ್. ಹೆಸರಿಗೆ ಬೇರೆ ರಾಜ್ಯ, ಆದರೆ ಸಂತೆ, ಸಂಬಂಧ, ಮಾತು ಎಲ್ಲ ಬೆರೆತೇ ಇದೆ. 1956ರವರೆಗೆ ಗದ್ವಾಲ್ ತಾಲೂಕು ರಾಯಚೂರು ಜಿಲ್ಲೆಯಲ್ಲೇ ಇತ್ತು.

ರಾಯಚೂರು ಭಾಗದಲ್ಲಿ ಬಸ್ಸು ಓಡಿಸುವ ಸಂಸ್ಥೆಗೆ ಈಗ ಕಲ್ಯಾಣ ಕರ್ನಾಟಕ ರಸ್ತೆ ಸಾರಿಗೆ ನಿಗಮ ಅಂತ ಹೆಸರು. ಮೊದಲು ಅದು ಈಶಾನ್ಯ ಕರ್ನಾಟಕ ಸಾರಿಗೆ. ಆ ಹಳೆಯ ಹೆಸರಿನಲ್ಲಿ ಅದು ನಡೆಸಿದ ಒಂದು ಕೇಸು 2006ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾಯಿತು. ಕಂಡಕ್ಟರ್ ಒಬ್ಬರ ಮೇಲಿದ್ದ ಆರೋಪ ನಿಗಮದ ಹಣ ದುರುಪಯೋಗ. ಮೊತ್ತ 360 ರೂಪಾಯಿ 95 ಪೈಸೆ. ಮೊತ್ತ ಎಷ್ಟು ಅನ್ನುವುದು ಮುಖ್ಯವಲ್ಲ, ನಂಬಿಕೆ ಹೋಯಿತಲ್ಲ ಅದು ಮುಖ್ಯ ಎಂದ ಕೋರ್ಟು ವಜಾ ಮಾಡಿದ್ದು ಸರಿ ಎಂದಿತು. ಅದಕ್ಕಿಂತ ಒಂದು ವರ್ಷ ಮೊದಲು, 2005ರಲ್ಲಿ, ವಾಯವ್ಯ ಕರ್ನಾಟಕದ ಕಂಡಕ್ಟರ್ ಪ್ರಕರಣದಲ್ಲೂ ಇದೇ ಮಾತು. ಅವರ ಚೀಲದಲ್ಲಿ ಟಿಕೆಟ್ ಲೆಕ್ಕಕ್ಕಿಂತ 93 ರೂಪಾಯಿ ಹೆಚ್ಚು ಸಿಕ್ಕಿತ್ತು.

ಈ ತೀರ್ಪುಗಳು ತಪ್ಪು ಅಂತ ಹೇಳುವುದಲ್ಲ. ದಿನವಿಡೀ ಸಾರ್ವಜನಿಕರ ಚಿಲ್ಲರೆ ಹಣ ಎಣಿಸುವವನ ಮೇಲೆ ನಂಬಿಕೆ ಇಲ್ಲದಿದ್ದರೆ ಬಸ್ಸು ಓಡುವುದಿಲ್ಲ. ಪ್ರಶ್ನೆ ಇಷ್ಟೇ: ಇದೇ ತಕ್ಕಡಿಯನ್ನು ಮೇಜಿನ ಹಿಂದೆ ಕೂತವನಿಗೂ ಹಿಡಿಯುತ್ತಾರಾ?

ಹಿಡಿಯುವುದಿಲ್ಲ ಎಂಬುದು ಜನರಿಗೆ ಗೊತ್ತು. ಅದಕ್ಕೆ ಜನ ಕೊಡುವ ಕಾರಣ ಮಾತ್ರ ಪೂರ್ತಿ ಸರಿಯಲ್ಲ. ‘ಜಡ್ಜ್ ಕನಿಕರ ತೋರಿಸಿದರು’ ಅಂತ ಜನ ಹೇಳುತ್ತಾರೆ. ನಿಜವಾಗಿ ನೋಡಿದರೆ ರಿಯಾಯಿತಿಯ ಬಹುಪಾಲು ಪ್ರಕರಣ ಜಡ್ಜ್ ಮುಂದೆ ಬರುವ ಮೊದಲೇ ಮುಗಿದಿರುತ್ತದೆ. ಯಾವ ಸೆಕ್ಷನ್ ಹಾಕಿದರು, ಯಾವ ಕೋರ್ಟಿಗೆ ಕಳಿಸಿದರು, ಅಥವಾ ಕಳಿಸಲೇ ಇಲ್ಲವೇ ಎನ್ನುವುದರಲ್ಲಿ ಎಲ್ಲವೂ ಇದೆ.

ಪಂಚಾಯತ್ ಕಾರ್ಯದರ್ಶಿ, ಶಾಖಾ ಅಂಚೆ ಕಚೇರಿಯವರು, ಸೊಸೈಟಿ ಗುಮಾಸ್ತ, ತಹಶೀಲ್ ಕಚೇರಿಯ ಕ್ಯಾಷಿಯರ್ - ಯಾರಾದರೂ ಆಗಲಿ, ವಿಧಾನ ಹಳೆಯದೇ. ವಸೂಲಿ ಮಾಡಿದ ಹಣಕ್ಕೆ ರಶೀದಿ ಕೊಡುತ್ತಾರೆ, ನಗದು ಪುಸ್ತಕದಲ್ಲಿ ಬರೆಯುವುದಿಲ್ಲ. ಪಾಸ್‌ಬುಕ್‌ನಲ್ಲಿ ಠೇವಣಿ ಇರುತ್ತದೆ, ಕಚೇರಿಯ ಲೆಕ್ಕದಲ್ಲಿ ಇರುವುದಿಲ್ಲ. ಸೋಮವಾರದವನ ಹಣ ಜೇಬಿಗೆ, ಗುರುವಾರದವನು ಕೊಟ್ಟಾಗ ಅದನ್ನು ಸೋಮವಾರದವನ ಖಾತೆಗೆ. ಬಿ.ಕಾಂ. ಓದಿದವರಿಗೆ ಆಡಿಟಿಂಗ್ ಪಾಠದಲ್ಲಿ ಬಂದ ‘ಟೀಮಿಂಗ್ ಅಂಡ್ ಲೇಡಿಂಗ್’ ನೆನಪಿರಬಹುದು, ಅದೇ ಇದು. ಆಡಿಟ್‌ನವರು ಬರುವವರೆಗೆ ಚಕ್ರ ತಿರುಗುತ್ತಾ ಇರುತ್ತದೆ. ಸಿಕ್ಕಿಬಿದ್ದ ಮೇಲೆ ಮೊದಲು ಬರುವ ಮಾತು ‘ಕಟ್ಟಿಬಿಡುತ್ತೇನೆ ಸಾರ್’. ಕಟ್ಟುತ್ತಾರೆ. ಫೈಲ್ ಮುಚ್ಚುತ್ತದೆ.

ಕಾನೂನಿನಲ್ಲಿ ಮಾತ್ರ ಕಟ್ಟಿದ ಮಾತ್ರಕ್ಕೆ ಮುಗಿಯುವುದಿಲ್ಲ. ತಾತ್ಕಾಲಿಕವಾಗಿ ಬಳಸಿಕೊಂಡರೂ ಅದು ದುರುಪಯೋಗವೇ ಎಂದು ಹಳೆಯ ದಂಡಸಂಹಿತೆಯ 403ನೇ ಸೆಕ್ಷನ್ನಿನ ವಿವರಣೆಯಲ್ಲೇ ಇತ್ತು, ಈಗಿನ ಭಾರತೀಯ ನ್ಯಾಯ ಸಂಹಿತೆಯಲ್ಲೂ ಇದೆ. ಸಾರ್ವಜನಿಕ ಸೇವಕ ಮಾಡುವ ನಂಬಿಕೆ ದ್ರೋಹಕ್ಕೆ ಹಳೆಯ 409, ಹೊಸದರಲ್ಲಿ 316ರ 5ನೇ ಉಪವಿಭಾಗ. ಶಿಕ್ಷೆ ಹತ್ತು ವರ್ಷದವರೆಗೆ, ಇಲ್ಲವೇ ಜೀವಾವಧಿ. ರಾಜಿ ಮಾಡಿಕೊಳ್ಳುವಂತಿಲ್ಲ. ಜೀವಾವಧಿ ವಿಧಿಸಬಹುದಾದ ಅಪರಾಧವಾದ್ದರಿಂದ, ಒಳ್ಳೆಯ ನಡತೆಯ ಬಾಂಡ್ ಬರೆಸಿಕೊಂಡು ಬಿಡುವ 1958ರ ಪ್ರೊಬೇಷನ್ ಕಾಯ್ದೆಯ 4ನೇ ಸೆಕ್ಷನ್ ಕೂಡ ಇದಕ್ಕೆ ಅನ್ವಯಿಸುವುದಿಲ್ಲ. ಓದುವಾಗ ಎಷ್ಟು ಕಠಿಣ ಅನಿಸುತ್ತದೆ ನೋಡಿ!

ಆದರೆ ಈ ಸೆಕ್ಷನ್ನಿನಲ್ಲಿ ಒಂದು ತಮಾಷೆ ಇದೆ. ಗರಿಷ್ಠ ಜೀವಾವಧಿ, ಕನಿಷ್ಠ ಏನೂ ಇಲ್ಲ. ಮತ್ತು ಇದನ್ನು ವಿಚಾರಣೆ ಮಾಡುವುದು ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್. ಆ ಮ್ಯಾಜಿಸ್ಟ್ರೇಟ್ ಕೊಡಬಹುದಾದ ಅತಿ ಹೆಚ್ಚಿನ ಶಿಕ್ಷೆ ಮೂರು ವರ್ಷ. ಇದಕ್ಕಿಂತ ಹೆಚ್ಚು ಬೇಕು ಅನಿಸಿದರೆ ಮುಖ್ಯ ಮ್ಯಾಜಿಸ್ಟ್ರೇಟರಿಗೆ ಕಳಿಸಬೇಕು, ಅಲ್ಲಿಯೂ ಏಳು ವರ್ಷವೇ ಮಿತಿ. ಅಂದರೆ ಪುಸ್ತಕದಲ್ಲಿ ಜೀವಾವಧಿ, ಕೋರ್ಟಿನಲ್ಲಿ ಮೂರು ವರ್ಷ. ಮೂರು ವರ್ಷದೊಳಗಿನ ಶಿಕ್ಷೆಯಾದರೆ, ಜಾಮೀನಿನ ಮೇಲಿದ್ದ ಆರೋಪಿ ಅಪೀಲು ಹಾಕುತ್ತೇನೆ ಎಂದರೆ ಶಿಕ್ಷೆ ಕೊಟ್ಟ ಅದೇ ಕೋರ್ಟು ಅವತ್ತೇ ಜಾಮೀನು ಕೊಡುತ್ತದೆ. ಬೇಡ ಎನ್ನಲು ವಿಶೇಷ ಕಾರಣ ಬೇಕು. ಬೆಳಗ್ಗೆ ಶಿಕ್ಷೆ, ಸಂಜೆ ಮನೆ. ಕನಿಷ್ಠ ಮಿತಿ ಇಲ್ಲದ್ದರಿಂದ ಕಲಾಪ ಮುಗಿಯುವವರೆಗೆ ಕೋರ್ಟಿನಲ್ಲಿ ಕೂತಿದ್ದು ದಂಡ ಕಟ್ಟಿ ಹೋಗುವ ಶಿಕ್ಷೆಗೂ ಅಲ್ಲಿ ದಾರಿ ಇದೆ.

ಇನ್ನೊಂದು ಬಾಗಿಲು ಭ್ರಷ್ಟಾಚಾರ ತಡೆ ಕಾಯ್ದೆ. ಅದರಲ್ಲೂ ದುರುಪಯೋಗ ಅಪರಾಧ, ಆದರೆ ವಿಚಾರಣೆ ವಿಶೇಷ ನ್ಯಾಯಾಧೀಶರ ಮುಂದೆ, ಮತ್ತು ಕನಿಷ್ಠ ಶಿಕ್ಷೆ ಇದೆ. 1947ರ ಹಳೆಯ ಕಾಯ್ದೆಯಲ್ಲಿ ‘ವಿಶೇಷ ಕಾರಣ’ ಬರೆದು ಕನಿಷ್ಠಕ್ಕಿಂತ ಕಡಿಮೆ ಕೊಡಲು ನ್ಯಾಯಾಧೀಶರಿಗೆ ಅವಕಾಶ ಇತ್ತು. ಕೆಲಸ ಹೋಗಿದೆ, ವರ್ಷಗಟ್ಟಲೆ ಕೋರ್ಟಿಗೆ ಅಲೆದಿದ್ದಾನೆ, ಮೊತ್ತ ಸಣ್ಣದು, ಮಕ್ಕಳಿದ್ದಾರೆ - ಇಂಥ ಕಾರಣಗಳು. 1970ರ ದಶಕದಲ್ಲಿ ಸುಪ್ರೀಂ ಕೋರ್ಟೇ ಒಂದು ಲಂಚ ಪ್ರಕರಣದಲ್ಲಿ ಅನುಭವಿಸಿದಷ್ಟು ಜೈಲೇ ಸಾಕು ಎಂದು ದಂಡ ಹೆಚ್ಚಿಸಿ ಬಿಟ್ಟದ್ದಿದೆ. 1988ರ ಕಾಯ್ದೆ ಆ ಕಿಟಕಿ ಮುಚ್ಚಿತು. ದುರುಪಯೋಗಕ್ಕೆ ಕನಿಷ್ಠ ಒಂದು ವರ್ಷ, ಗರಿಷ್ಠ ಏಳು. 2014ರ ಜನವರಿಯಲ್ಲಿ ಲೋಕಪಾಲ ಕಾಯ್ದೆ ಜಾರಿಯಾದಾಗ ಅದು ಕನಿಷ್ಠ ನಾಲ್ಕು, ಗರಿಷ್ಠ ಹತ್ತು ಆಯಿತು. ಮೊತ್ತ ಸಣ್ಣದು ಎಂಬ ಕಾರಣಕ್ಕೆ ಸಂವಿಧಾನದ 142ನೇ ವಿಧಿ ಬಳಸಿಯೂ ಕನಿಷ್ಠಕ್ಕಿಂತ ಕೆಳಗೆ ಇಳಿಯಲಾಗದು ಎಂದು 2012ರಲ್ಲಿ ಸುಪ್ರೀಂ ಕೋರ್ಟ್ ಗುಜರಾತಿನ ಪ್ರಕರಣವೊಂದರಲ್ಲಿ ಹೇಳಿತು. ಮಾರನೇ ವರ್ಷ ಮಹಾರಾಷ್ಟ್ರದ ಪ್ರಕರಣದಲ್ಲೂ ಅಪರಾಧದ ಭಾರವನ್ನು ಲಂಚದ ಮೊತ್ತದಿಂದ ಅಳೆಯಬಾರದು ಎಂದಿತು.

ಈಗ ಎರಡನ್ನೂ ಪಕ್ಕದಲ್ಲಿಟ್ಟು ನೋಡಿ. ಅದೇ ಗುಮಾಸ್ತ, ಅದೇ ನಲವತ್ತು ಸಾವಿರ. ಮೇಲಧಿಕಾರಿ ಊರಿನ ಠಾಣೆಗೆ ದೂರು ಕೊಟ್ಟು ನಂಬಿಕೆ ದ್ರೋಹದ ಕೇಸು ಮಾತ್ರ ಆದರೆ ಕನಿಷ್ಠ ಶೂನ್ಯ. ಭ್ರಷ್ಟಾಚಾರ ತಡೆ ಕಾಯ್ದೆಯಡಿ ಆದರೆ ಕನಿಷ್ಠ ನಾಲ್ಕು ವರ್ಷ. ಈ ಎರಡರ ನಡುವೆ ಆಯ್ಕೆ ಮಾಡುವವರು ನ್ಯಾಯಾಧೀಶರಲ್ಲ. ಮೇಲಧಿಕಾರಿ, ಪೊಲೀಸರು, ಸರಕಾರ. ಯಾರ ಪರಿಚಯ ಯಾರಿಗಿದೆ ಎಂಬುದು ಕೆಲಸ ಮಾಡುವ ಜಾಗ ಇದೇ.

ತೆಲಂಗಾಣದಲ್ಲಿ ಮೂರನೇ ಬಾಗಿಲೂ ಇದೆ. ಆಂಧ್ರ ಕಾಲದ 1960ರ ಕಾಯ್ದೆಯಡಿ ಹೈದರಾಬಾದಿನಲ್ಲಿ ಶಿಸ್ತು ಕ್ರಮಗಳ ಟ್ರಿಬ್ಯುನಲ್ ಅಂತ ಒಂದು ವ್ಯವಸ್ಥೆ ಮಾಡಿದ್ದರು. ಸರಕಾರ ಬೇಕೆಂದರೆ ನೌಕರನನ್ನು ಕ್ರಿಮಿನಲ್ ಕೋರ್ಟಿಗೆ ಕಳಿಸದೆ ಇಲ್ಲಿಗೆ, ಅಥವಾ ಬರೀ ಇಲಾಖಾ ವಿಚಾರಣೆಗೆ ಕಳಿಸಬಹುದು. ಅಲ್ಲಿ ಜೈಲಿನ ಮಾತೇ ಇಲ್ಲ. ಬಡ್ತಿ ತಡೆ, ಇನ್‌ಕ್ರಿಮೆಂಟ್ ಕಡಿತ, ಹೆಚ್ಚೆಂದರೆ ಕೆಲಸದಿಂದ ತೆಗೆಯುವುದು. ಎಸಿಬಿ ಹಿಡಿದ ಪ್ರಕರಣಗಳನ್ನು ಪ್ರಾಸಿಕ್ಯೂಷನ್ ಬಿಟ್ಟು ಈ ದಾರಿಗೆ ತಿರುಗಿಸುವುದನ್ನು ಹೈದರಾಬಾದಿನ ಫೋರಂ ಫಾರ್ ಗುಡ್ ಗವರ್ನೆನ್ಸ್ ಪ್ರಶ್ನಿಸುತ್ತಾ ಬಂದಿದೆ. ಟಿವಿಯಲ್ಲಿ ಗುಲಾಬಿ ಬಣ್ಣದ ನೀರಿನ ಬಾಟಲಿ, ಮೇಜಿನ ಮೇಲೆ ಜೋಡಿಸಿದ ನೋಟು, ತಲೆತಗ್ಗಿಸಿದ ಅಧಿಕಾರಿ ಕಾಣುತ್ತಾರೆ. ಮುಂದೆ ಆ ಫೈಲ್ ಎಲ್ಲಿಗೆ ಹೋಯಿತು ಎಂದು ಯಾವ ಟಿವಿಯೂ ತೋರಿಸುವುದಿಲ್ಲ.

ಇನ್ನೊಂದು ಮಗ್ಗುಲನ್ನೂ ಹೇಳದಿದ್ದರೆ ಅನ್ಯಾಯವಾದೀತು. ಕಾನ್ಪುರದಲ್ಲಿ 1984ರಲ್ಲಿ ಒಬ್ಬ ಪೋಸ್ಟ್‌ಮ್ಯಾನ್ ಮೇಲೆ ಮನಿಯಾರ್ಡರ್ ಹಣದಲ್ಲಿ 57 ರೂಪಾಯಿ 60 ಪೈಸೆ ನುಂಗಿದ ಆರೋಪ ಬಂತು. ಮುನ್ನೂರಕ್ಕೂ ಹೆಚ್ಚು ಸಲ ಕೋರ್ಟಿಗೆ ಅಲೆದ ಮೇಲೆ 2013ರಲ್ಲಿ ಅವರು ನಿರ್ದೋಷಿ ಎಂದು ತೀರ್ಪಾಯಿತು. 29 ವರ್ಷ! ದಿಲ್ಲಿಯಲ್ಲಿ ಒಬ್ಬ ಸ್ಟಾಂಪ್ ಮಾರಾಟಗಾರ 10 ರೂಪಾಯಿಯ ಪತ್ರಕ್ಕೆ 12 ರೂಪಾಯಿ ಕೇಳಿದ ಎಂದು 2003ರಲ್ಲಿ ಬಲೆಗೆ ಬಿದ್ದರು. ಎರಡು ರೂಪಾಯಿಗೆ ಒಂದು ವರ್ಷ ಜೈಲು ಎಂದಾಯಿತು. 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಲಂಚ ಕೇಳಿದ್ದು ಸಾಬೀತಾಗಿಲ್ಲ ಎಂದು ಅವರನ್ನು ಬಿಟ್ಟಿತು. ರಾಯಪುರದ ಸಾರಿಗೆ ಸಂಸ್ಥೆಯ ನೌಕರನ 100 ರೂಪಾಯಿ ಲಂಚದ ಕೇಸು 1986ರದ್ದು, ಹೈಕೋರ್ಟಿನಲ್ಲಿ ಖುಲಾಸೆಯಾದದ್ದು 2025ರಲ್ಲಿ. ಇಂಥವರ ಬದುಕು ಕೋರ್ಟಿನ ಬೆಂಚಿನ ಮೇಲೇ ಸವೆದುಹೋಗುತ್ತದೆ.

ಹಾಗಾಗಿ ‘ಕಠಿಣ ಶಿಕ್ಷೆ ಕೊಡಿ’ ಎಂದು ಕೂಗುವುದರಲ್ಲಿ ಅರ್ಥ ಕಡಿಮೆ. ಕನಿಷ್ಠ ನಾಲ್ಕು ವರ್ಷ ಮಾಡಿದ್ದರಿಂದ ಏನಾಗುತ್ತದೆ ಯೋಚಿಸಿ. ಎರಡು ಸಾವಿರದ ವ್ಯತ್ಯಾಸಕ್ಕೆ ನಾಲ್ಕು ವರ್ಷ ಜೈಲು ಎನ್ನುವಾಗ ದೂರು ಕೊಡುವ ಮೇಲಧಿಕಾರಿಗೆ ಕೈ ನಡುಗುತ್ತದೆ, ಸಾಕ್ಷಿ ಹೇಳುವ ಸಹೋದ್ಯೋಗಿಗೆ ನಾಲಿಗೆ ಹೊರಳುವುದಿಲ್ಲ, ಸಣ್ಣ ಅನುಮಾನ ಕಂಡರೂ ಬಿಟ್ಟುಬಿಡೋಣ ಎಂದು ನ್ಯಾಯಾಧೀಶರಿಗೂ ಅನಿಸಬಹುದು. ಶಿಕ್ಷೆ ಭಾರವಾದಷ್ಟೂ ಅದರಿಂದ ತಪ್ಪಿಸುವ ಕಿರುದಾರಿಗಳು ಹೆಚ್ಚುತ್ತವೆ. ಆ ದಾರಿಯಲ್ಲಿ ಹೋಗಲು ಶಕ್ತಿ ಇದ್ದವನು ಹೋಗುತ್ತಾನೆ, ಇಲ್ಲದವನು ಒಳಗೆ ಹೋಗುತ್ತಾನೆ.

ಮತ್ತೆ ಆ ಊರುಗಳಿಗೆ ಬರೋಣ. ‘ಸಣ್ಣ ಮೊತ್ತ’ ಎಂದರೆ ಯಾರಿಗೆ ಸಣ್ಣದು ಎಂಬುದು ಅಲ್ಲಿ ಚೆನ್ನಾಗಿ ಗೊತ್ತಾಗುತ್ತದೆ. ಹಳೆಯ ಮಹಬೂಬ್‌ನಗರ ಜಿಲ್ಲೆಯ ಭಾಗಗಳು ಇವು. ಗದ್ವಾಲ್ 2016ರಲ್ಲಿ ಜೋಗುಳಾಂಬ ಹೆಸರಿನ ಜಿಲ್ಲೆಯಾಯಿತು, ನಾರಾಯಣಪೇಟೆ 2019ರಲ್ಲಿ. ಎರಡೂ ಊರುಗಳ ಸೀರೆ ಮಂಗಳೂರಿನ ಅಂಗಡಿಗಳವರೆಗೆ ಹೆಸರು ಮಾಡಿದೆ. ಆದರೆ ಸುತ್ತಲಿನ ಹಳ್ಳಿಗಳಿಂದ ‘ಪಾಲಮೂರು ಕೂಲಿ’ಗಳು ಗುಳೆ ಹೋಗುವುದು ಮೂರು ತಲೆಮಾರಿನ ಕತೆ. ಹೈದರಾಬಾದ್, ಮುಂಬೈ, ಬೆಂಗಳೂರಿನ ಕಟ್ಟಡ ಕೆಲಸದಲ್ಲಿ ಇವರಿದ್ದಾರೆ. ಊರಲ್ಲೇ ಉಳಿದವರಿಗೆ ಉದ್ಯೋಗ ಖಾತರಿ ಆಸರೆಯಾಗಿತ್ತು. 2025-26ಕ್ಕೆ ತೆಲಂಗಾಣದಲ್ಲಿ ನಿಗದಿಯಾದ ದಿನಗೂಲಿ 307 ರೂಪಾಯಿ.

ಒಂದು ಲೆಕ್ಕ ಹಾಕಿ. ಒಂದು ಹಾಜರಿ ಪಟ್ಟಿಯಲ್ಲಿ ನಲವತ್ತು ಹೆಸರು. ಪ್ರತಿಯೊಬ್ಬರ ಹೆಸರಿನಲ್ಲಿ ಎರಡು ದಿನದ ಹಣ ಬೇರೆಯವರ ಕೈಗೆ ಹೋಯಿತು ಅಂದುಕೊಳ್ಳಿ. ಒಟ್ಟು 24,560 ರೂಪಾಯಿ. ಕೋರ್ಟಿನ ಕಾಗದದಲ್ಲಿ ಇದು ‘ಅಲ್ಪ ಮೊತ್ತ’. ಆದರೆ ಅದು ನಲವತ್ತು ಮನೆಗಳ ಎರಡೆರಡು ದಿನದ ದುಡಿಮೆ. ಒಬ್ಬನ ಜೇಬಿನಿಂದ 24 ಸಾವಿರ ಕದ್ದರೆ ಅವನು ಠಾಣೆಗೆ ಓಡುತ್ತಾನೆ. ನಲವತ್ತು ಜನರಿಂದ 614 ರೂಪಾಯಿಯಂತೆ ಕದ್ದರೆ ಯಾರೂ ಓಡುವುದಿಲ್ಲ, ಓಡಲು ಹೋದರೆ ಇನ್ನೊಂದು ದಿನದ ಕೂಲಿ ಹೋಗುತ್ತದೆ. ಸರಕಾರಿ ಕಳವಿನ ಗುಟ್ಟೇ ಇದು.

ಇದನ್ನು ಹಿಡಿಯುವುದರಲ್ಲಿ ಅವಿಭಜಿತ ಆಂಧ್ರ ದೇಶಕ್ಕೇ ಮುಂದಿತ್ತು ಎಂಬುದನ್ನು ಒಪ್ಪಬೇಕು. ಸಾಮಾಜಿಕ ಲೆಕ್ಕಪರಿಶೋಧನೆಗೆ 2009ರಲ್ಲೇ ಪ್ರತ್ಯೇಕ ಸಂಸ್ಥೆ ಕಟ್ಟಿದರು. ಊರಿನ ಯುವಕರೇ ತರಬೇತಿ ಪಡೆದು ಮನೆ ಮನೆಗೆ ಹೋಗಿ ‘ನೀವು ಎಷ್ಟು ದಿನ ಕೆಲಸ ಮಾಡಿದ್ದೀರಿ, ಎಷ್ಟು ಸಿಕ್ಕಿತು’ ಎಂದು ಕೇಳಿ, ಬರೆದು, ಕೊನೆಗೆ ಮಂಡಲ ಮಟ್ಟದ ಸಭೆಯಲ್ಲಿ ಎಲ್ಲರೆದುರು ಓದುತ್ತಿದ್ದರು. 2012ರಲ್ಲಿ ಇದಕ್ಕಾಗಿಯೇ ಒಂದು ಕಾಯ್ದೆಯನ್ನೂ ತಂದರು, ಸಂಚಾರಿ ವಿಶೇಷ ಕೋರ್ಟುಗಳ ಯೋಚನೆಯೂ ಅದರಲ್ಲಿತ್ತು. ಇದನ್ನೆಲ್ಲ ಅಧ್ಯಯನ ಮಾಡಿದ ಅರ್ಥಶಾಸ್ತ್ರಜ್ಞರಾದ ಫರ್ಝಾನಾ ಅಫ್ರಿದಿ ಮತ್ತು ವೆಗಾರ್ಡ್ ಐವರ್ಸನ್ 2014ರಲ್ಲಿ ಬರೆದದ್ದು ಬೇಸರ ತರಿಸುತ್ತದೆ. ಕೂಲಿಯ ಹಣ ಕದಿಯುವುದು ಸ್ವಲ್ಪ ಕಡಿಮೆಯಾಯಿತು, ಆದರೆ ಸಾಮಗ್ರಿ ಬಿಲ್ಲುಗಳಲ್ಲಿ ಅಕ್ರಮ ಹೆಚ್ಚಿತು. ಕಳವು ಹಿಡಿಯಲು ಕಷ್ಟವಾದ ಜಾಗಕ್ಕೆ ಸರಿಯಿತು. ಸಿಕ್ಕಿಬಿದ್ದವರ ಮೇಲಿನ ಕ್ರಮ ತೀರಾ ದುರ್ಬಲವಾಗಿತ್ತು. ಕಳ್ಳನ ಹೆಸರು ಊರಿನ ಮುಂದೆ ಓದಿದರು, ಕಳ್ಳ ಅಲ್ಲೇ ಕೂತು ಕೇಳಿಸಿಕೊಂಡ.

ಇದೇ ತೆಲಂಗಾಣದಲ್ಲಿ 2020ರಲ್ಲಿ ಉದ್ಯೋಗ ಖಾತರಿಯ ಫೀಲ್ಡ್ ಅಸಿಸ್ಟೆಂಟ್‌ಗಳು ಮುಷ್ಕರ ಹೂಡಿದರು. ಏಳು ಸಾವಿರಕ್ಕೂ ಹೆಚ್ಚು ಜನರನ್ನು ಒಮ್ಮೆಲೇ ಮನೆಗೆ ಕಳಿಸಿದರು, ಮತ್ತೆ ತೆಗೆದುಕೊಂಡದ್ದು 2022ರಲ್ಲಿ. ಅವರು ಹೋದದ್ದು ಕಳವಿಗಲ್ಲ, ಮುಷ್ಕರಕ್ಕೆ. ಗುತ್ತಿಗೆಯವರನ್ನು ತೆಗೆಯಲು ಒಂದು ಆದೇಶ ಸಾಕು. ಕಾಯಂ ನೌಕರನನ್ನು ತೆಗೆಯಲು 311ನೇ ವಿಧಿ, ವಿಚಾರಣೆ, ನೋಟಿಸ್, ಉತ್ತರ, ಅಪೀಲು. ಆ ರಕ್ಷಣೆ ತಪ್ಪಲ್ಲ, ಎಲ್ಲರಿಗೂ ಇರಬೇಕಾದದ್ದೇ. ಒಬ್ಬನಿಗೆ ಕೋಟೆ, ಇನ್ನೊಬ್ಬನಿಗೆ ಬಯಲು ಎಂಬುದು ತಪ್ಪು.

ಅಧಿಕಾರಿಗಳ ಮೊದಲ ಪ್ರತಿಕ್ರಿಯೆ ಯಾವಾಗಲೂ ಅಮಾನತು. 2024ರ ನವೆಂಬರ್‌ನಲ್ಲಿ ಮಾಗನೂರಿನ ಜಿಲ್ಲಾ ಪರಿಷತ್ ಹೈಸ್ಕೂಲಿನಲ್ಲಿ ಬಿಸಿಯೂಟ ತಿಂದು ಮಕ್ಕಳು ಒಂದೇ ವಾರದಲ್ಲಿ ಮತ್ತೆ ಮತ್ತೆ ಅಸ್ವಸ್ಥರಾದಾಗ ತೆಲಂಗಾಣ ಹೈಕೋರ್ಟ್ ಸರಕಾರವನ್ನು ತರಾಟೆಗೆ ತೆಗೆದುಕೊಂಡಿತು. ಅದು ಹಣ ನುಂಗಿದ ಕೇಸಲ್ಲ. ಆದರೆ ಅಲ್ಲಿಯೂ ಮೊದಲು ಹೊರಬಿದ್ದದ್ದು ಅಮಾನತು ಆದೇಶವೇ. ಅಮಾನತು ಶಿಕ್ಷೆಯಲ್ಲ ಮಾರಾಯ್ರೇ, ಅರ್ಧ ಸಂಬಳದ ರಜೆ. ಜನರಿಗೆ ಮಾತ್ರ ಏನೋ ಆಯಿತು ಅನಿಸುತ್ತದೆ.

ಕರಾವಳಿಯ ಬ್ಯಾರಿ ಓದುಗರಿಗೆ ಇದೆಲ್ಲ ದೂರದ ಊರಿನ ಸುದ್ದಿ ಅನಿಸಬಹುದು. ಎರಡು ಕಾರಣಕ್ಕೆ ಅಲ್ಲ. ಒಂದು, ಸಮುದಾಯದ ಎಷ್ಟೋ ಹುಡುಗರು ಈಗ ಪಂಚಾಯತ್, ಆಸ್ಪತ್ರೆ, ನಿಗಮಗಳಲ್ಲಿ ಹೊರಗುತ್ತಿಗೆಯ ಡಾಟಾ ಎಂಟ್ರಿ, ಬಿಲ್ ಕಲೆಕ್ಟರ್ ಕೆಲಸಕ್ಕೆ ಸೇರುತ್ತಿದ್ದಾರೆ. ಸಂಬಳ ಏಜೆನ್ಸಿಯದ್ದು, ನಮಗೇನು ಅಂತ ಅಂದುಕೊಳ್ಳುವುದು ಅಪಾಯ. ಭ್ರಷ್ಟಾಚಾರ ತಡೆ ಕಾಯ್ದೆಯಲ್ಲಿ ಸಾರ್ವಜನಿಕ ಕರ್ತವ್ಯ ಮಾಡುವವನೂ ಸಾರ್ವಜನಿಕ ಸೇವಕನೇ. ಮೇಲೆ ಹೇಳಿದ ಸ್ಟಾಂಪ್ ಮಾರಾಟಗಾರನನ್ನು ಬಿಡುವಾಗಲೂ ಕೋರ್ಟು, ದೇಶದ ಸ್ಟಾಂಪ್ ಮಾರಾಟಗಾರರೆಲ್ಲ ಈ ವ್ಯಾಖ್ಯೆಯೊಳಗೆ ಬರುತ್ತಾರೆ ಎಂದು ಸ್ಪಷ್ಟವಾಗಿ ಹೇಳಿದೆ. ಸಾಹೇಬರ ಪಾಸ್‌ವರ್ಡಿನಲ್ಲಿ ಎಂಟ್ರಿ ಮಾಡಿದ ಹುಡುಗನೇ ಮೊದಲು ಸಿಕ್ಕಿಬೀಳುವವನು.

ಎರಡನೆಯದು ಇನ್ನೂ ಹತ್ತಿರದ್ದು. 1995ರ ವಕ್ಫ್ ಕಾಯ್ದೆಯ 101ನೇ ಸೆಕ್ಷನ್ ಪ್ರಕಾರ ಮುತವಲ್ಲಿ, ಆಡಳಿತ ಸಮಿತಿಯ ಸದಸ್ಯ, ವಕ್ಫ್ ಸಂಸ್ಥೆಯಲ್ಲಿ ಯಾವುದೇ ಹುದ್ದೆ ಹೊಂದಿದವರು ದಂಡಸಂಹಿತೆಯ ಅರ್ಥದಲ್ಲಿ ಸಾರ್ವಜನಿಕ ಸೇವಕರು. ಅಂದರೆ ನೋಂದಣಿಯಾದ ಪಳ್ಳಿಯ ಖಜಾಂಚಿ ಕಟ್ಟಡ ನಿಧಿಯಿಂದ ‘ಸ್ವಲ್ಪ ದಿನಕ್ಕೆ’ ಅಂತ ಅಂಗಡಿಗೆ ಹಣ ತಿರುಗಿಸಿದರೆ, ಅದು ಜಮಾಅತಿನ ಒಳಗಿನ ಮಾತಲ್ಲ, ಜೀವಾವಧಿವರೆಗೆ ಶಿಕ್ಷೆ ಬರೆದಿರುವ ಅದೇ ಸೆಕ್ಷನ್. ಮಹಾಸಭೆಯಲ್ಲಿ ಲೆಕ್ಕ ಕೇಳಿದವನನ್ನು ಫಿತ್ನ ಮಾಡುವವನು ಎಂದು ಕೂರಿಸುವುದು, ಮರ್ಯಾದಸ್ಥರ ಮನೆಯವರು ಬಿಟ್ಟುಬಿಡಿ ಎನ್ನುವುದು ಎಷ್ಟು ಕಡೆ ನಡೆದಿಲ್ಲ? ಗನೀಮತ್ ಹಣದಿಂದ ಹಂಚಿಕೆಗೆ ಮೊದಲೇ ಒಂದು ಹೊದಿಕೆ ಎತ್ತಿಕೊಂಡವನ ಬಗ್ಗೆ, ಒಂದು ಚಪ್ಪಲಿಯ ಪಟ್ಟಿಯ ಬಗ್ಗೆ ಕೂಡ ಪ್ರವಾದಿ (ಸ) ಎಷ್ಟು ಕಠಿಣವಾಗಿ ಎಚ್ಚರಿಸಿದ್ದರು ಎಂಬುದು ಮದ್ರಸದಲ್ಲಿ ಓದಿದ ಮಕ್ಕಳಿಗೆ ಗೊತ್ತು. ಮಖ್ಝೂಮ್ ಗೋತ್ರದ ಹೆಣ್ಣಿನ ಕಳವಿಗೆ ಶಿಫಾರಸು ತಂದಾಗ, ಹಿಂದಿನ ಜನಾಂಗಗಳು ದೊಡ್ಡವರನ್ನು ಬಿಟ್ಟು ಸಣ್ಣವರನ್ನು ಶಿಕ್ಷಿಸಿದ್ದರಿಂದಲೇ ಹಾಳಾದವು ಎಂಬರ್ಥದ ಉತ್ತರ ಕೊಟ್ಟದ್ದೂ ಗೊತ್ತು. ಗುಮಾಸ್ತನ ಕಳವಿಗೆ ಕಿಡಿಕಾರುವ ಸ್ಟೇಟಸ್ ಹಾಕುವ ಮೊದಲು ಪಳ್ಳಿಯ ಲೆಕ್ಕಪುಸ್ತಕ ಒಮ್ಮೆ ತೆರೆಸುವುದು ಒಳ್ಳೆಯದು.

ಶಿಕ್ಷೆ ಎಷ್ಟಿರಬೇಕು ಎಂಬ ಚರ್ಚೆಯಲ್ಲಿ ಹಣ ಕಳೆದುಕೊಂಡವರ ಮಾತೇ ಬರುವುದಿಲ್ಲ. ಇಂಥ ಕೇಸಿನಲ್ಲಿ ಸರಕಾರವೇ ಫಿರ್ಯಾದಿ, ಸರಕಾರವೇ ಸಂತ್ರಸ್ತ. ದಂಡ ಹಾಕಿದರೆ ಅದೂ ಸರಕಾರದ ಖಜಾನೆಗೆ. ಹಾಗಂತ ಕಾನೂನಿನಲ್ಲಿ ದಾರಿ ಇಲ್ಲ ಅಂತಲ್ಲ. ದಂಡದ ಮೊತ್ತ ನಿಗದಿ ಮಾಡುವಾಗ ಆರೋಪಿ ಗಳಿಸಿದ್ದೆಷ್ಟು ಎಂದು ನೋಡಬೇಕು ಎಂದು ಭ್ರಷ್ಟಾಚಾರ ತಡೆ ಕಾಯ್ದೆಯ 16ನೇ ಸೆಕ್ಷನ್ ಹೇಳುತ್ತದೆ. ಆ ದಂಡದಿಂದಲೇ ನಷ್ಟ ಅನುಭವಿಸಿದವರಿಗೆ ಪರಿಹಾರ ಕೊಡಿಸಲು ನಾಗರಿಕ ಸುರಕ್ಷಾ ಸಂಹಿತೆಯ 395ನೇ ಸೆಕ್ಷನ್ನಿನಲ್ಲಿ ಅಧಿಕಾರ ಇದೆ. ಆರು ತಿಂಗಳೋ ನಾಲ್ಕು ವರ್ಷವೋ ಎಂದು ಜಗ್ಗಾಡುವುದಕ್ಕಿಂತ, ಶಿಕ್ಷೆ ಕಡಿಮೆ ಮಾಡಿ ಎಂದು ಬೇಡುವವನಿಗೆ ‘ಮೊದಲು ಅವರ ಹಣ ಅವರ ಖಾತೆಗೆ ಹಾಕು, ಬಡ್ಡಿ ಸಮೇತ’ ಎನ್ನುವುದು ಹೆಚ್ಚು ನ್ಯಾಯ. ಕನಿಕರಕ್ಕೂ ಆಗ ಒಂದು ಬೆಲೆ ಬರುತ್ತದೆ. ಆದರೆ ಅದಕ್ಕೆ ಪ್ರಾಸಿಕ್ಯೂಟರ್ ಕೇಳಬೇಕು. ಕೇಳಬೇಕಾದರೆ ಯಾರ್ಯಾರಿಗೆ ಎಷ್ಟೆಷ್ಟು ಹೋಗಿದೆ ಎಂಬ ಪಟ್ಟಿ ಚಾರ್ಜ್‌ಶೀಟಿನ ಜತೆ ಇರಬೇಕು.

ಆ ಪಟ್ಟಿ ಹೊಸದಾಗಿ ತಯಾರಿಸಬೇಕಾದದ್ದೂ ಇಲ್ಲ. ಸಾಮಾಜಿಕ ಲೆಕ್ಕಪರಿಶೋಧನೆಯ ಹುಡುಗರು ಮನೆ ಮನೆ ಅಲೆದು ಬರೆದಿಟ್ಟ ವರದಿಗಳಲ್ಲಿ ಊರು, ಹೆಸರು, ಜಾಬ್ ಕಾರ್ಡ್ ನಂಬರ್, ಬಾಕಿ ರೂಪಾಯಿ ಎಲ್ಲವೂ ಇದೆ.